ವೈಯಕ್ತಿಕ ಜಲವಾಹನಗಳ ಗಾತ್ರ: ಬಳಕೆ, ಶೇಖರಣೆ ಮತ್ತು ಬಂಡವಾಳದ ಲೆಕ್ಕಾಚಾರ

ಕರಾವಳಿಯ ಪ್ರವಾಸೋದ್ಯಮದಲ್ಲಿ ಬಂಡವಾಳ ತೊಡಗಿಸುವವರು ಇತ್ತೀಚಿನ ವರ್ಷಗಳಲ್ಲಿ ಜಲಕ್ರೀಡೆಯತ್ತ ಹೆಚ್ಚು ಗಮನ ಹರಿಸುತ್ತಿದ್ದಾರೆ. ಮಲ್ಪೆ, ಮುರ್ಡೇಶ್ವರ ಮೊದಲಾದ ಕಡಲತೀರಗಳಲ್ಲಿ ಪ್ರವಾಸಿಗರನ್ನು ಸೆಳೆಯುವ ಸಾಧನಗಳಲ್ಲಿ ಜನರು ಸಾಮಾನ್ಯವಾಗಿ 'ಜೆಟ್ ಸ್ಕೀ' ಅಥವಾ 'ವಾಟರ್ ಸ್ಕೂಟರ್' ಎಂದು ಕರೆಯುವ ವೈಯಕ್ತಿಕ ಜಲವಾಹನವೂ ಒಂದು. ಇದನ್ನು ಕೊಳ್ಳುವಾಗ ಹೆಚ್ಚಿನವರು ಕೇಳುವ ಪ್ರಶ್ನೆಗಳು ಎರಡೇ: ಬೆಲೆ ಎಷ್ಟು, ಅಶ್ವಶಕ್ತಿ ಎಷ್ಟು? ಉದ್ದ, ಅಗಲ ಮತ್ತು ತೂಕಗಳ ವಿಚಾರವನ್ನು ಯಂತ್ರ ಮನೆಗೆ ಬಂದ ಮೇಲೆ ಯೋಚಿಸುವುದು ವಾಡಿಕೆ. ಆದರೆ ಒಂದು ಜಲವಾಹನವು ದಿನಕ್ಕೆ ಎಷ್ಟು ದುಡಿಯುತ್ತದೆ, ಅದನ್ನು ದಡಕ್ಕೆ ಎಳೆಯಲು ಎಷ್ಟು ಜನ ಬೇಕು, ಮಳೆಗಾಲದ ನಾಲ್ಕು ತಿಂಗಳು ಅದು ಎಷ್ಟು ಜಾಗವನ್ನು ಆಕ್ರಮಿಸುತ್ತದೆ ಎಂಬ ಮೂರು ಸಂಗತಿಗಳನ್ನೂ ನಿರ್ಧರಿಸುವುದು ಈ ಅಳತೆಗಳೇ. ಸಾಲ ಮಾಡಿ ಈ ವ್ಯವಹಾರಕ್ಕೆ ಇಳಿಯುವ ಸಣ್ಣ ಉದ್ದಿಮೆದಾರನಿಗೆ ಗಾತ್ರದ ಆಯ್ಕೆಯಲ್ಲಾಗುವ ತಪ್ಪು ಹಲವು ವರ್ಷಗಳ ಹೊರೆಯಾಗಿ ಪರಿಣಮಿಸಬಹುದು. ಆದುದರಿಂದ ಈ ವಿಷಯವನ್ನು ವೆಚ್ಚದ ದೃಷ್ಟಿಯಿಂದ ಕ್ರಮವಾಗಿ ಪರಿಶೀಲಿಸುವುದು ಉಚಿತ.

1. ಜಲವಾಹನದ ಸ್ವರೂಪ

ಐರೋಪ್ಯ ಒಕ್ಕೂಟದ 2013ರ ಮನರಂಜನಾ ದೋಣಿಗಳ ನಿರ್ದೇಶನವು ವೈಯಕ್ತಿಕ ಜಲವಾಹನವನ್ನು ಸ್ಪಷ್ಟವಾಗಿ ನಿರೂಪಿಸಿದೆ. ಅದರ ಪ್ರಕಾರ ಒಡಲಿನ ಉದ್ದ 4 ಮೀಟರಿಗಿಂತ ಕಡಿಮೆ ಇರಬೇಕು. ಮುಖ್ಯ ಚಾಲನಶಕ್ತಿ ನೀರನ್ನು ರಭಸದಿಂದ ಹಿಂದಕ್ಕೆ ಚಿಮ್ಮಿಸುವ ಜೆಟ್ ಪಂಪಿನಿಂದ ಬರಬೇಕು. ಸವಾರನು ದೋಣಿಯ ಒಳಗೆ ಕುಳಿತುಕೊಳ್ಳದೆ ಅದರ ಮೇಲೆ ಕುಳಿತು, ನಿಂತು ಅಥವಾ ಮಂಡಿಯೂರಿ ನಡೆಸುವಂತಿರಬೇಕು. ಹೀಗೆ ಈ ವರ್ಗದ ಗಡಿಯನ್ನು ಗುರುತಿಸುವುದರಲ್ಲೇ ಉದ್ದದ ಅಳತೆಗೆ ಮೊದಲ ಸ್ಥಾನವಿದೆ.

ಕೆನಡಾದ ಬೊಂಬಾರ್ಡಿಯರ್ ಸಂಸ್ಥೆಯು 1968ರಲ್ಲಿ 'ಸೀ-ಡೂ' ಎಂಬ ಹೆಸರಿನಲ್ಲಿ ಇಂತಹ ವಾಹನವನ್ನು ಮೊದಲು ಮಾರುಕಟ್ಟೆಗೆ ತಂದಿತು. 1970ರ ದಶಕದ ಆರಂಭದಲ್ಲಿ ಜಪಾನಿನ ಕವಾಸಾಕಿ ಸಂಸ್ಥೆಯು ನಿಂತು ನಡೆಸುವ 'ಜೆಟ್ ಸ್ಕೀ'ಯನ್ನು ಬಿಡುಗಡೆ ಮಾಡಿತು. ಇಂದು ಎಲ್ಲ ಜಲವಾಹನಗಳಿಗೂ ಸಾಮಾನ್ಯ ನಾಮವಾಗಿ ಬಳಕೆಯಾಗುವ ಈ ಹೆಸರು ವಾಸ್ತವದಲ್ಲಿ ಆ ಸಂಸ್ಥೆಯ ವ್ಯಾಪಾರಮುದ್ರೆ. 1980ರ ದಶಕದ ಉತ್ತರಾರ್ಧದಲ್ಲಿ ಯಮಹಾ ಸಂಸ್ಥೆಯ ಕುಳಿತು ನಡೆಸುವ 'ವೇವ್‌ರನ್ನರ್' ಬಂದಿತು. 1988ರಲ್ಲಿ ಸೀ-ಡೂ ಮರುಪ್ರವೇಶ ಮಾಡಿತು. ಒಬ್ಬನೇ ನಿಂತು ನಡೆಸುತ್ತಿದ್ದ ಕಿರಿದಾದ ವಾಹನವು ಅಲ್ಲಿಂದಾಚೆಗೆ ಇಬ್ಬರು, ಮೂವರು ಕುಳಿತುಕೊಳ್ಳುವಷ್ಟು ಹಿರಿದಾಗುತ್ತ ಬಂದಿದೆ.

2. ಅಳತೆಗಳ ವರ್ಗೀಕರಣ

ಮಾರುಕಟ್ಟೆಯಲ್ಲಿರುವ ಕೆಲವು ಪರಿಚಿತ ಮಾದರಿಗಳ ಅಳತೆಗಳು ಸುಮಾರಾಗಿ ಹೀಗಿವೆ. ತಯಾರಿಕೆಯ ವರ್ಷಕ್ಕೆ ಅನುಗುಣವಾಗಿ ಸ್ವಲ್ಪ ವ್ಯತ್ಯಾಸವಿರುವುದರಿಂದ ಖರೀದಿಯ ಮೊದಲು ಆಯಾ ವರ್ಷದ ಕೈಪಿಡಿಯನ್ನು ನೋಡತಕ್ಕದ್ದು.

(ಅ) ನಿಂತು ನಡೆಸುವ ಯಮಹಾ ಸೂಪರ್‌ಜೆಟ್: ಉದ್ದ 2.43 ಮೀ., ಅಗಲ 0.76 ಮೀ., ಇಂಧನ ಟ್ಯಾಂಕ್ 19 ಲೀಟರ್.

(ಆ) ಇಬ್ಬರ ಸೀ-ಡೂ ಸ್ಪಾರ್ಕ್: ಉದ್ದ 2.79 ಮೀ., ಅಗಲ 1.18 ಮೀ., ಒಣತೂಕ 190 ಕಿ.ಗ್ರಾಂ., ಟ್ಯಾಂಕ್ 30 ಲೀಟರ್.

(ಇ) ಮೂವರ ಸೀ-ಡೂ ಸ್ಪಾರ್ಕ್: ಉದ್ದ 3.05 ಮೀ., ಅಗಲ 1.18 ಮೀ., ಒಣತೂಕ 200 ಕಿ.ಗ್ರಾಂ., ಟ್ಯಾಂಕ್ 30 ಲೀಟರ್.

(ಈ) ಯಮಹಾ ಇಎಕ್ಸ್: ಉದ್ದ 3.14 ಮೀ., ಅಗಲ 1.13 ಮೀ., ಒಣತೂಕ 260ರಿಂದ 275 ಕಿ.ಗ್ರಾಂ., ಟ್ಯಾಂಕ್ 50 ಲೀಟರ್.

(ಉ) ಯಮಹಾ ವಿಎಕ್ಸ್: ಉದ್ದ 3.35 ಮೀ., ಅಗಲ 1.22 ಮೀ., ಟ್ಯಾಂಕ್ 70 ಲೀಟರ್.

(ಊ) ಯಮಹಾ ಎಫ್‌ಎಕ್ಸ್: ಉದ್ದ 3.58 ಮೀ., ಅಗಲ 1.27 ಮೀ., ಒಣತೂಕ 370ರಿಂದ 385 ಕಿ.ಗ್ರಾಂ., ಟ್ಯಾಂಕ್ 70 ಲೀಟರ್.

(ಋ) ಮೀನು ಹಿಡಿಯುವ ಹವ್ಯಾಸಿಗಳಿಗಾಗಿ 2019ರ ಮಾದರಿಯಾಗಿ ಬಂದ ಸೀ-ಡೂ ಫಿಶ್ ಪ್ರೊ: ಉದ್ದ 3.73 ಮೀ., ಟ್ಯಾಂಕ್ 70 ಲೀಟರ್.

ಇಲ್ಲಿ ಎರಡು ಅಂಶಗಳನ್ನು ಗಮನಿಸಬೇಕು. ಮೊದಲನೆಯದಾಗಿ, 'ಒಣತೂಕ' ಎಂಬುದು ಇಂಧನ ಮತ್ತಿತರ ದ್ರವಗಳಿಲ್ಲದ ತೂಕ. ಒಂದು ಲೀಟರ್ ಪೆಟ್ರೋಲಿನ ತೂಕ ಸುಮಾರು ಮುಕ್ಕಾಲು ಕಿಲೋ. ಹಾಗಾಗಿ 70 ಲೀಟರ್ ತುಂಬಿದಾಗ 50 ಕಿಲೋಗೂ ಮಿಕ್ಕಿದ ಭಾರ ಸೇರುತ್ತದೆ. 30 ಲೀಟರಿನ ಟ್ಯಾಂಕಿಗೆ ಸೇರುವುದು 22 ಕಿಲೋ ಮಾತ್ರ. ದಡದ ಮೇಲೆ ಎಳೆಯಬೇಕಾದದ್ದು ತುಂಬಿದ ವಾಹನವನ್ನೇ ಹೊರತು ಪುಸ್ತಕದಲ್ಲಿ ಮುದ್ರಿತವಾದ ತೂಕವನ್ನಲ್ಲ. ಎರಡನೆಯದಾಗಿ, ಉದ್ದವಾದ ವಾಹನವೆಲ್ಲ ಅಗಲವಾಗಿರುವುದಿಲ್ಲ. ಇಎಕ್ಸ್ ಮಾದರಿಯು ಸ್ಪಾರ್ಕ್‌ಗಿಂತ ಉದ್ದವಾಗಿದ್ದರೂ ಅಗಲದಲ್ಲಿ 5 ಸೆಂ.ಮೀ. ಕಿರಿದು. ಈ 5 ಸೆಂ.ಮೀ.ನ ಬೆಲೆಯೇನೆಂಬುದು ಶೇಖರಣೆಯ ಭಾಗದಲ್ಲಿ ಸ್ಪಷ್ಟವಾಗುತ್ತದೆ.

3. ನೀರಿನ ಮೇಲೆ ಗಾತ್ರದ ಪರಿಣಾಮ

ಸ್ಥಿರತೆ: ನಿಂತ ನೀರಿನಲ್ಲಿ ವಾಹನವು ಪಕ್ಕಕ್ಕೆ ವಾಲದೆ ನಿಲ್ಲುವ ಗುಣವು ಉದ್ದಕ್ಕಿಂತ ಅಗಲವನ್ನು ಬಹಳವಾಗಿ ಅವಲಂಬಿಸಿದೆ. ನೀರಿನ ಮಟ್ಟದಲ್ಲಿ ಒಡಲು ಆವರಿಸುವ ಮೇಲ್ಮೈಯ ಪ್ರತಿರೋಧವು ಉದ್ದದೊಂದಿಗೆ ನೇರವಾಗಿಯೂ ಅಗಲದೊಂದಿಗೆ ಅದರ ಘನದಷ್ಟೂ ಹೆಚ್ಚುತ್ತದೆ. ಅಗಲವು 1.13ರಿಂದ 1.27 ಮೀಟರಿಗೆ, ಅಂದರೆ ಶೇ. 12ರಷ್ಟು ಏರಿದರೆ ಅದರ ಘನವು ಶೇ. 42ರಷ್ಟು ಏರುತ್ತದೆ. ನೀರಿಗೆ ಬಿದ್ದ ಸವಾರನು ಹಿಂಬದಿಯಿಂದ ಮತ್ತೆ ಹತ್ತುವಾಗ ಅಗಲವಾದ ವಾಹನವು ಮಗುಚದಿರುವುದಕ್ಕೆ ಇದು ಕಾರಣ. ಅನುಭವವಿಲ್ಲದ ಪ್ರವಾಸಿಗರನ್ನು ಕೂರಿಸುವ ಬಾಡಿಗೆ ವ್ಯವಹಾರಕ್ಕೆ ನಿಂತು ನಡೆಸುವ ಕಿರಿದಾದ ಮಾದರಿ ಸಲ್ಲದು; ಅದು ತರಬೇತಿ ಪಡೆದ ಕ್ರೀಡಾಪಟುವಿನ ಸಾಧನ.

ಅಲೆ: ಉದ್ದವಾದ, ಭಾರವಾದ ಒಡಲು ಸಣ್ಣ ಅಲೆಗಳನ್ನು ಕತ್ತರಿಸಿಕೊಂಡು ಸಾಗುತ್ತದೆ, ಹಗುರವಾದ ಗಿಡ್ಡ ವಾಹನವು ಪ್ರತಿ ಅಲೆಗೂ ಕುಪ್ಪಳಿಸುತ್ತದೆ. ಹಿನ್ನೀರು, ನದೀಮುಖ ಮತ್ತು ಜಲಾಶಯಗಳ ಶಾಂತ ನೀರಿನಲ್ಲಿ ಈ ವ್ಯತ್ಯಾಸ ನಗಣ್ಯ. ತೆರೆದ ಸಮುದ್ರದಲ್ಲಿ, ಅದರಲ್ಲೂ ಮಧ್ಯಾಹ್ನದ ಕಡಲಗಾಳಿ ಎದ್ದ ಮೇಲೆ, ಸವಾರನ ಬೆನ್ನುಮೂಳೆಗೆ ಅದು ಚೆನ್ನಾಗಿ ತಿಳಿಯುತ್ತದೆ.

ಹೊರುವ ಮಿತಿ: ಆಸನಗಳ ಸಂಖ್ಯೆಯನ್ನಷ್ಟೇ ನೋಡಿ ಆದಾಯವನ್ನು ಲೆಕ್ಕ ಹಾಕುವುದು ಸಾಮಾನ್ಯ ದೋಷ. ತಯಾರಕರು ತೂಕದ ಮಿತಿಯನ್ನೂ ವಿಧಿಸಿರುತ್ತಾರೆ. ಇಬ್ಬರ ಸ್ಪಾರ್ಕ್‌ಗೆ ಅದು 160 ಕಿಲೋ. ಮೂವರ ಸ್ಪಾರ್ಕ್‌ಗೆ ಸುಮಾರು 205 ಕಿಲೋ. ವಿಎಕ್ಸ್ ಮಾದರಿಗೆ 240 ಕಿಲೋ. ನಮ್ಮ ತೀರಗಳಲ್ಲಿ ಗ್ರಾಹಕನೊಂದಿಗೆ ನಿರ್ವಾಹಕನೂ ಕುಳಿತುಕೊಳ್ಳುವುದು ಸಾಮಾನ್ಯ ಪದ್ಧತಿ. ನಿರ್ವಾಹಕನ ತೂಕ 70 ಕಿಲೋ ಎಂದಿಟ್ಟುಕೊಂಡರೆ ಇಬ್ಬರ ಸ್ಪಾರ್ಕ್‌ನಲ್ಲಿ ಗ್ರಾಹಕನಿಗೆ ಉಳಿಯುವುದು 90 ಕಿಲೋ. ಮೂವರ ಸ್ಪಾರ್ಕ್‌ನಲ್ಲಿ ಇಬ್ಬರು ಗ್ರಾಹಕರಿಗೆ ಸೇರಿ ಉಳಿಯುವುದು 135 ಕಿಲೋ, ಅಂದರೆ ತಲಾ 67 ಕಿಲೋ ಮಾತ್ರ. ವಿಎಕ್ಸ್‌ನಲ್ಲಾದರೆ ತಲಾ 85 ಕಿಲೋ. ಮೂರು ಆಸನಗಳಿದ್ದ ಮಾತ್ರಕ್ಕೆ ಮೂವರು ವಯಸ್ಕರು ಕುಳಿತುಕೊಳ್ಳಬಹುದೆಂಬ ಗ್ರಹಿಕೆ ಸುರಕ್ಷತೆಯ ದೃಷ್ಟಿಯಿಂದ ಅಪಾಯಕಾರಿ. ಅಪಘಾತವಾದಲ್ಲಿ ಮಿತಿ ಮೀರಿದ ಭಾರವು ವಿಮೆಯ ಪರಿಹಾರಕ್ಕೂ ತೊಡಕಾಗಬಹುದು.

ನಿಲ್ಲಿಸುವಿಕೆ: ಜೆಟ್ ಪಂಪಿನ ವಾಹನವು ತಿರುಗುವುದು ಚಿಮ್ಮುವ ನೀರಿನ ದಿಕ್ಕಿನಿಂದ. ಎಕ್ಸಲರೇಟರನ್ನು ಪೂರ್ತಿ ಬಿಟ್ಟರೆ ಹಿಡಿಕೆ ತಿರುಗಿಸಿದರೂ ವಾಹನವು ಸರಿಯಾಗಿ ತಿರುಗದು. ಗಾಬರಿಗೊಂಡ ಹೊಸಬನು ಮೊದಲು ಮಾಡುವ ಕೆಲಸವೇ ಎಕ್ಸಲರೇಟರ್ ಬಿಡುವುದು. ಭಾರ ಹೆಚ್ಚಿದಂತೆ ವೇಗವು ತಗ್ಗಲು ಬೇಕಾಗುವ ದೂರವೂ ಹೆಚ್ಚುತ್ತದೆ. ಆದುದರಿಂದ ಈಜುವವರಿಂದ ದೂರದಲ್ಲಿ ಪ್ರತ್ಯೇಕ ಪಥವನ್ನು ಗುರುತಿಸಲು ಸಾಧ್ಯವಿಲ್ಲದ ಇಕ್ಕಟ್ಟಾದ ತೀರದಲ್ಲಿ ದೊಡ್ಡ ವಾಹನವನ್ನು ಇಳಿಸುವುದು ವಿವೇಕವಲ್ಲ. ನಿರ್ವಾಹಕರಿಗೆ ಗೋವಾದಲ್ಲಿರುವ ರಾಷ್ಟ್ರೀಯ ಜಲಕ್ರೀಡಾ ಸಂಸ್ಥೆಯಂತಹ ಕಡೆ ತರಬೇತಿ ಕೊಡಿಸುವ ವೆಚ್ಚವನ್ನು ಬಂಡವಾಳದ ಭಾಗವೆಂದೇ ಎಣಿಸುವುದು ಒಳಿತು.

ಇಂಧನ: ಪೆಟ್ರೋಲ್ ಇಂಜಿನ್ ಪೂರ್ಣ ವೇಗದಲ್ಲಿ ಓಡುವಾಗ ಪ್ರತಿ ಅಶ್ವಶಕ್ತಿಗೆ ಗಂಟೆಗೆ ಸುಮಾರು 0.3 ಲೀಟರ್ ಬೇಕೆಂಬುದು ಸ್ಥೂಲವಾದ ಸೂತ್ರ. ಅದರಂತೆ 60 ಅಶ್ವಶಕ್ತಿಗೆ ಗಂಟೆಗೆ 18 ಲೀಟರ್, 90ಕ್ಕೆ 27 ಲೀಟರ್, 310 ಅಶ್ವಶಕ್ತಿಯ ಕವಾಸಾಕಿ ಅಲ್ಟ್ರಾ ಮಾದರಿಗೆ 93 ಲೀಟರ್ ಆಗುತ್ತದೆ. 30 ಲೀಟರ್ ಟ್ಯಾಂಕಿನ 60 ಅಶ್ವಶಕ್ತಿಯ ಸಣ್ಣ ವಾಹನವು ಪೂರ್ಣ ವೇಗದಲ್ಲಿ ಒಂದು ಗಂಟೆ ನಲವತ್ತು ನಿಮಿಷ ಓಡಿದರೆ, ಸುಮಾರು 80 ಲೀಟರ್ ಹಿಡಿಯುವ 310 ಅಶ್ವಶಕ್ತಿಯ ವಾಹನವು ಒಂದು ಗಂಟೆಯೊಳಗೇ ಬರಿದಾಗುತ್ತದೆ. ಬಾಡಿಗೆ ಸವಾರಿಯಲ್ಲಿ ಯಾರೂ ಸತತವಾಗಿ ಪೂರ್ಣ ವೇಗದಲ್ಲಿ ಓಡಿಸುವುದಿಲ್ಲವೆಂಬುದು ನಿಜ. ಆದರೆ ದೊಡ್ಡ ಟ್ಯಾಂಕ್ ಎಂದರೆ ಹೆಚ್ಚು ಗಂಟೆಗಳ ದುಡಿಮೆ ಎಂದು ಭಾವಿಸಬಾರದೆಂಬುದು ಇದರಿಂದ ಸಿದ್ಧವಾಗುತ್ತದೆ.

4. ದಡಕ್ಕೆ ತರುವುದು ಮತ್ತು ಸಾಗಿಸುವುದು

ಜೆಟ್ ಪಂಪು ನೀರಿನೊಂದಿಗೆ ಮರಳನ್ನೂ ಹೀರಿಕೊಳ್ಳುತ್ತದೆ. ಆಳ ಕಡಿಮೆ ಇರುವಲ್ಲಿ ಇಂಜಿನ್ ಚಾಲೂ ಮಾಡಿದರೆ ಪಂಪಿನ ಅಲಗು ಮತ್ತು ಒಳಕವಚ ಸವೆಯುತ್ತವೆ. ಒಡಲಿನ ಕೆಳಗೆ ಕನಿಷ್ಠ 60 ಸೆಂ.ಮೀ. ನೀರಿರಬೇಕೆಂದು ಯಮಹಾ ಸಂಸ್ಥೆಯೂ, 90 ಸೆಂ.ಮೀ. ಇರಬೇಕೆಂದು ಸೀ-ಡೂ ತಯಾರಕರೂ ಸೂಚಿಸುತ್ತಾರೆ. ಹೀಗಾಗಿ ದಡದಿಂದ ಸೊಂಟದ ಆಳದವರೆಗೆ ವಾಹನವನ್ನು ಕೈಯಿಂದಲೇ ತಳ್ಳಬೇಕು. ಸಂಜೆ ಅಲ್ಲಿಂದಲೇ ಮೇಲಕ್ಕೆ ಎಳೆಯಬೇಕು.

ಇಲ್ಲಿಯೇ ತೂಕದ ನಿಜವಾದ ಬೆಲೆ ತಿಳಿಯುವುದು. ಸುಮಾರು 200 ಕಿಲೋದ ವಾಹನವನ್ನು ಅಗಲವಾದ ಗಾಳಿಚಕ್ರಗಳ ಟ್ರಾಲಿಯ ಮೇಲೇರಿಸಿ ಇಬ್ಬರು ಮೂವರು ಸೇರಿ ಮರಳಿನ ಮೇಲೆ ಸಾಗಿಸಬಲ್ಲರು. ಇಂಧನ ಸಹಿತ 430 ಕಿಲೋ ತೂಗುವ ವಾಹನಕ್ಕೆ ಟ್ರ್ಯಾಕ್ಟರ್ ಅಥವಾ ರಾಟೆಯ ವ್ಯವಸ್ಥೆ ಬೇಕೇ ಬೇಕು. ದಿನಕ್ಕೆ ಎರಡು ಬಾರಿ ಬರುವ ಈ ವೆಚ್ಚವನ್ನು ಖರೀದಿಯ ವೇಳೆ ಯಾರೂ ಬರೆದಿಡುವುದಿಲ್ಲ. ಒಂದೂರಿನಿಂದ ಮತ್ತೊಂದೂರಿಗೆ ಸಾಗಿಸುವುದಾದರೆ ಟ್ರೇಲರ್ ಬೇಕು. ಮೋಟಾರು ವಾಹನ ಕಾಯ್ದೆಯಲ್ಲಿ ಟ್ರೇಲರ್ ಕೂಡ ವಾಹನವೆಂಬ ಪದದೊಳಗೆ ಬರುವುದರಿಂದ ಅದರ ನೋಂದಣಿಯ ವಿಷಯವನ್ನು ಮರೆಯುವಂತಿಲ್ಲ.

5. ಶೇಖರಣೆಯ ಲೆಕ್ಕ

ಮಳೆಗಾಲದಲ್ಲಿ ಕರಾವಳಿಯ ಜಲಕ್ರೀಡೆ ನಿಲ್ಲುತ್ತದೆ. ಆದಾಯವಿಲ್ಲದ ಆ ತಿಂಗಳುಗಳಲ್ಲೂ ವಾಹನವು ಸೂರಿನಡಿಯಲ್ಲಿ ಇರಲೇಬೇಕು. ಕಡಲತೀರದಲ್ಲಿ ಕಾಯಂ ಕಟ್ಟಡ ಕಟ್ಟಲು 2019ರ ಕರಾವಳಿ ನಿಯಂತ್ರಣ ವಲಯದ ಅಧಿಸೂಚನೆಯ ನಿರ್ಬಂಧಗಳು ಅನ್ವಯಿಸುವುದರಿಂದ, ಊರೊಳಗಿನ ಶೆಡ್ ಅಥವಾ ಹಳೆಯ ಹಡಗು ಕಂಟೈನರ್ ಆಶ್ರಯವಾಗುತ್ತದೆ.

ಶೆಡ್ಡಿನಲ್ಲಿ ಪ್ರತಿ ವಾಹನದ ಉದ್ದಕ್ಕೂ ಅಗಲಕ್ಕೂ ಓಡಾಟದ ಜಾಗವೆಂದು 60 ಸೆಂ.ಮೀ. ಸೇರಿಸಿ ಲೆಕ್ಕ ಹಾಕಿದರೆ ಇಬ್ಬರ ಸ್ಪಾರ್ಕ್‌ಗೆ 6.03 ಚದರ ಮೀಟರ್, ಎಫ್‌ಎಕ್ಸ್‌ಗೆ 7.82 ಚದರ ಮೀಟರ್ ಬೇಕಾಗುತ್ತದೆ, ವ್ಯತ್ಯಾಸ ಶೇ. 30. ಇದು ನಿರೀಕ್ಷಿತವೇ. ಆದರೆ ಕಂಟೈನರಿನಲ್ಲಿ ಲೆಕ್ಕವು ಹೀಗೆ ನೇರವಾಗಿ ಏರುವುದಿಲ್ಲ, ಮೆಟ್ಟಿಲು ಮೆಟ್ಟಿಲಾಗಿ ಏರುತ್ತದೆ.

20 ಅಡಿಯ ಕಂಟೈನರಿನ ಒಳ ಅಳತೆ ಸುಮಾರು 5.90 ಮೀ. ಉದ್ದ, 2.35 ಮೀ. ಅಗಲ. ಒಂದೇ ನೆಲದ ಮೇಲೆ ನಿಲ್ಲಿಸುವುದಾದರೆ ಫಲಿತಾಂಶ ಹೀಗಿರುತ್ತದೆ:

(ಅ) ಸೂಪರ್‌ಜೆಟ್: ಅಗಲದಲ್ಲಿ ಮೂರು (2.28 ಮೀ.), ಉದ್ದದಲ್ಲಿ ಎರಡು (4.86 ಮೀ.), ಒಟ್ಟು 6.

(ಆ) ಇಬ್ಬರ ಸ್ಪಾರ್ಕ್: ಪಕ್ಕ ಪಕ್ಕದಲ್ಲಿ ಎರಡು ನಿಲ್ಲಿಸಲು 2.36 ಮೀ. ಬೇಕು, ಒಂದು ಸೆಂಟಿಮೀಟರಿನಿಂದ ಸಾಲದಾಗುತ್ತದೆ. ಒಂದರ ಹಿಂದೊಂದು ನಿಲ್ಲಿಸಿದರೆ 5.58 ಮೀ.; ಒಟ್ಟು 2.

(ಇ) ಇಎಕ್ಸ್: ಪಕ್ಕ ಪಕ್ಕದಲ್ಲಿ ಎರಡಕ್ಕೆ 2.26 ಮೀ. ಸಾಕು, ಉದ್ದದಲ್ಲಿ ಒಂದೇ, ಒಟ್ಟು 2.

(ಈ) ಎಫ್‌ಎಕ್ಸ್: ಅಗಲದಲ್ಲೂ ಉದ್ದದಲ್ಲೂ ಒಂದೇ, ಒಟ್ಟು 1.

40 ಅಡಿಯ ಕಂಟೈನರಿನ ಒಳ ಉದ್ದ ಸುಮಾರು 12.03 ಮೀ. ಅದರಲ್ಲಿ ಇಬ್ಬರ ಸ್ಪಾರ್ಕ್ ನಾಲ್ಕು, ಎಫ್‌ಎಕ್ಸ್ ಮೂರು, ಇಎಕ್ಸ್ ಆರು ಹಿಡಿಯುತ್ತವೆ. ಹೆಚ್ಚು ಉದ್ದವಾದ ಇಎಕ್ಸ್ ಮಾದರಿಯೇ ಹೆಚ್ಚು ಸಂಖ್ಯೆಯಲ್ಲಿ ಹಿಡಿಯುವುದಕ್ಕೆ ಮೇಲೆ ಹೇಳಿದ 5 ಸೆಂ.ಮೀ. ಅಗಲವೇ ಕಾರಣ. ಒಡಲು ಮುಂದಕ್ಕೆ ಕಿರಿದಾಗುವುದರಿಂದ ಒಂದನ್ನು ತುಸು ಮುಂದೆ ಮತ್ತೊಂದನ್ನು ತುಸು ಹಿಂದೆ ನಿಲ್ಲಿಸಿ ಜಾಗ ಹೊಂದಿಸಬಹುದಾದರೂ, ಒಳತರುವಾಗ ಹೊರತೆಗೆಯುವಾಗ ಪಕ್ಕಗಳು ಉಜ್ಜಿ ಹಾನಿಯಾಗುವ ಸಂಭವವಿದೆ. ಟ್ರಾಲಿಯ ಚಕ್ರಗಳು ಒಡಲಿಗಿಂತ ಹೊರಚಾಚಿದ್ದರೆ ಈ ಲೆಕ್ಕವೆಲ್ಲ ತಲೆಕೆಳಗಾಗುತ್ತದೆಂಬುದನ್ನೂ ನೆನಪಿಡಬೇಕು. 20 ಅಡಿಯ ಕಂಟೈನರಿನ ಬಾಡಿಗೆ ತಿಂಗಳಿಗೆ ರೂ. 12,000 ಎಂದು ಊಹಿಸಿದರೆ ತಲಾ ವೆಚ್ಚ ಸ್ಪಾರ್ಕ್‌ಗೂ ಇಎಕ್ಸ್‌ಗೂ ರೂ. 6,000, ಎಫ್‌ಎಕ್ಸ್‌ಗೆ ರೂ. 12,000. ಗಾತ್ರವು ಮೂರನೇ ಒಂದಕ್ಕಿಂತ ಸ್ವಲ್ಪ ಹೆಚ್ಚಾದರೂ ಬಾಡಿಗೆ ಇಮ್ಮಡಿಯಾಯಿತು.

ಇನ್ನು ಇಡುವ ಕ್ರಮ. ಉಪ್ಪುನೀರಿನಲ್ಲಿ ಓಡಿದ ಇಂಜಿನ್ನಿನ ತಂಪುಕೊಳವೆಗಳಲ್ಲಿ ಸಿಹಿನೀರು ಹಾಯಿಸಬೇಕು. ಹಿಂಬದಿಯ ಬಿರಡೆಗಳನ್ನು ತೆಗೆದು, ಮುಂಭಾಗವನ್ನು ತುಸು ಎತ್ತರಿಸಿ, ಒಳಗಿನ ನೀರು ಬಸಿದುಹೋಗುವಂತೆ ಮಾಡಬೇಕು. ಬ್ಯಾಟರಿಯನ್ನು ಕಳಚಿ ಒಣ ಜಾಗದಲ್ಲಿಟ್ಟು ಆಗಾಗ ಚಾರ್ಜ್ ಮಾಡಬೇಕು. ಹೊದಿಕೆ ಗಾಳಿಯಾಡುವಂತಿರಬೇಕು, ಬಿಗಿಯಾದ ಪ್ಲಾಸ್ಟಿಕ್ ಹೊದಿಕೆಯೊಳಗೆ ಕರಾವಳಿಯ ಮಳೆಗಾಲದ ತೇವ ನಿಂತು ಆಸನಗಳು ಬೂಷ್ಟು ಹಿಡಿಯುತ್ತವೆ. ಆಸನದ ಕೆಳಗಿನ ಪೊಳ್ಳಿನಲ್ಲಿ ಇಲಿ ಸೇರಿ ತಂತಿ ಕಡಿಯದಂತೆ ನೋಡಿಕೊಳ್ಳಬೇಕು.

6. ಪೆಟ್ರೋಲ್ ಎಂಬ ಮರೆತ ದಾಸ್ತಾನು

ಟ್ಯಾಂಕ್ ದೊಡ್ಡದಾದಷ್ಟೂ ಶೆಡ್ಡಿನಲ್ಲಿ ಸಂಗ್ರಹವಾಗುವ ಪೆಟ್ರೋಲೂ ಹೆಚ್ಚು. 70 ಲೀಟರಿನ ಆರು ವಾಹನಗಳೆಂದರೆ 420 ಲೀಟರ್. 30 ಲೀಟರಿನ ಆರಾದರೆ 180 ಲೀಟರ್. ವಾಹನಕ್ಕೆ ಜೋಡಿಸಿದ ಟ್ಯಾಂಕಿನಲ್ಲಿರುವ ಇಂಧನಕ್ಕೆ, ನೋಂದಣಿ ಮತ್ತು ಚಾಲನಾ ಪರವಾನಗಿಯ ನಿಯಮಗಳನ್ನು ಪಾಲಿಸಿದ ಮಾಲೀಕನಿಗೆ 1934ರ ಪೆಟ್ರೋಲಿಯಂ ಕಾಯ್ದೆಯ 9ನೇ ಪ್ರಕರಣದಡಿ ಪ್ರತ್ಯೇಕ ಪರವಾನಗಿ ಬೇಡ. ಅದಕ್ಕೆ ಹೊರತಾಗಿ, ಅದೇ ಉಪಯೋಗಕ್ಕೆಂದು 100 ಲೀಟರ್ ಮೀರದ ಇಂಧನವನ್ನು ಇಡಲೂ ಅವಕಾಶವಿದೆ; ಆದರೆ 30 ಲೀಟರ್ ಮೀರಿದಲ್ಲಿ ಅದನ್ನು ಜನರು ವಾಸಿಸುವ ಅಥವಾ ಕೆಲಸ ಮಾಡುವ ಕೋಣೆಗೆ ಸಂಪರ್ಕವಿಲ್ಲದ ಪ್ರತ್ಯೇಕ ಜಾಗದಲ್ಲಿಯೇ ಇಡತಕ್ಕದ್ದು. ಅಂಗಡಿಯ ಹಿಂಬದಿಯಲ್ಲಿ ಕ್ಯಾನುಗಳನ್ನು ಸಾಲಾಗಿ ಜೋಡಿಸುವ ಪದ್ಧತಿ ಕಾನೂನಿಗೂ ಜೀವಕ್ಕೂ ವಿರುದ್ಧವಾದುದು.

ಮತ್ತೊಂದು ಅಂಶ ಎಥನಾಲ್. 2025ರಲ್ಲಿ ದೇಶದ ಪೆಟ್ರೋಲಿನಲ್ಲಿ ಎಥನಾಲ್ ಮಿಶ್ರಣವು ಶೇ. 20ರ ಮಟ್ಟವನ್ನು ತಲುಪಿತು. ಜಲವಾಹನ ತಯಾರಕರ ಕೈಪಿಡಿಗಳಾದರೋ ಸಾಮಾನ್ಯವಾಗಿ ಶೇ. 10ರ ಮಿತಿಯನ್ನು ಸೂಚಿಸುತ್ತವೆ. ಎಥನಾಲ್ ಗಾಳಿಯ ತೇವವನ್ನು ಹೀರುವ ಗುಣವುಳ್ಳದ್ದು. ಇಂತಹ ಇಂಧನವು ನಾಲ್ಕು ತಿಂಗಳು ಟ್ಯಾಂಕಿನಲ್ಲಿ ನಿಂತರೆ ಆಗುವ ಹಾನಿಗೆ ವಾರಂಟಿ ದೊರೆಯುವುದೇ ಎಂಬುದನ್ನು ಖರೀದಿಯ ಮೊದಲೇ ಮಾರಾಟಗಾರರಿಂದ ಬರವಣಿಗೆಯಲ್ಲಿ ಪಡೆಯುವುದು ಲೇಸು.

7. ತೆರಿಗೆಯ ಅಂಶಗಳು

ಜಲವಾಹನವು ಸುಂಕ ವರ್ಗೀಕರಣದ 8903ನೇ ಶೀರ್ಷಿಕೆಯಲ್ಲಿ, ಅಂದರೆ ಮನರಂಜನೆ ಅಥವಾ ಕ್ರೀಡೆಗೆ ಬಳಸುವ ನೌಕೆಗಳ ಗುಂಪಿನಲ್ಲಿ ಬರುತ್ತದೆ. 2025ರ ಸೆಪ್ಟೆಂಬರ್ 22ರಿಂದ ಈ ಗುಂಪಿನ ವಿಹಾರನೌಕೆ ಮತ್ತಿತರ ನೌಕೆಗಳ ಮೇಲಿನ ಸರಕು ಮತ್ತು ಸೇವಾ ತೆರಿಗೆಯನ್ನು ಶೇ. 40ಕ್ಕೆ ನಿಗದಿಪಡಿಸಲಾಯಿತು. ಹತ್ತು ಲಕ್ಷದ ಮೂಲಬೆಲೆಗೆ ನಾಲ್ಕು ಲಕ್ಷ ತೆರಿಗೆ ಎಂದಾಗ, ಹೂಡುವಳಿ ತೆರಿಗೆ ಜಮೆ ದೊರೆಯುವುದೋ ಇಲ್ಲವೋ ಎಂಬುದು ಸಣ್ಣ ಪ್ರಶ್ನೆಯಲ್ಲ. ಕೇಂದ್ರ ಸರಕು ಮತ್ತು ಸೇವಾ ತೆರಿಗೆ ಕಾಯ್ದೆಯ 17(5)ನೇ ಪ್ರಕರಣವು ನೌಕೆಗಳ ಮೇಲಿನ ಜಮೆಯನ್ನು ಸಾಮಾನ್ಯವಾಗಿ ತಡೆಹಿಡಿದು, ಅವುಗಳ ಮುಂದಿನ ಪೂರೈಕೆ, ಪ್ರಯಾಣಿಕರ ಸಾಗಣೆ, ನೌಕೆ ನಡೆಸುವ ತರಬೇತಿ ಮತ್ತು ಸರಕು ಸಾಗಣೆಗಳಿಗೆ ಮಾತ್ರ ವಿನಾಯಿತಿ ನೀಡಿದೆ. ದುರಸ್ತಿ ಮತ್ತು ವಿಮೆಯ ಮೇಲಿನ ಜಮೆಗೂ ಇದೇ ನಿಯಮ. ವ್ಯವಹಾರವು ಯಾವ ರೂಪದ್ದೆಂಬುದನ್ನು ಮೊದಲೇ ಲೆಕ್ಕಪರಿಶೋಧಕರೊಂದಿಗೆ ಚರ್ಚಿಸಿ, ಬಿಲ್ಲು ಮತ್ತು ಕರಾರುಗಳನ್ನು ಅದಕ್ಕೆ ತಕ್ಕಂತೆ ರೂಪಿಸಬೇಕು. ಜಮೆ ಪಡೆದ ತೆರಿಗೆಯ ಮೊತ್ತದ ಮೇಲೆ ಸವಕಳಿ ಪಡೆಯಲಾಗದು ಎಂಬುದನ್ನೂ ಗಮನಿಸತಕ್ಕದ್ದು.

ಸವಕಳಿಯ ವಿಷಯದಲ್ಲಿ 1962ರ ಆದಾಯ ತೆರಿಗೆ ನಿಯಮಗಳು ನೌಕೆಗಳಿಗೆ ಶೇ. 20ರ ದರವನ್ನು ನೀಡಿದ್ದವು. ನಿಂತ ನೀರಿನಲ್ಲಿ ಗಂಟೆಗೆ 24 ಕಿ.ಮೀ. ಮೀರಿದ ವೇಗವುಳ್ಳ, ಓಡುವಾಗ ಮುಂಭಾಗವು ನೀರಿನಿಂದ ಮೇಲೇಳುವಂತೆ ರಚಿತವಾದ ಮೋಟಾರು ದೋಣಿಯನ್ನು ಅವು 'ಸ್ಪೀಡ್ ಬೋಟ್' ಎಂದು ನಿರೂಪಿಸಿದ್ದವು. ಇದನ್ನು ಸಾಮಾನ್ಯ ಯಂತ್ರೋಪಕರಣವೆಂದು ಶೇ. 15ರ ಗುಂಪಿಗೆ ಸೇರಿಸಿದವರು ತಮಗೆ ಸಲ್ಲಬೇಕಾದುದನ್ನು ಕಳೆದುಕೊಂಡಂತೆ. 1961ರ ಕಾಯ್ದೆಯಡಿ, ಖರೀದಿಸಿದ ವರ್ಷದಲ್ಲಿ 180 ದಿನಗಳಿಗಿಂತ ಕಡಿಮೆ ಅವಧಿಗೆ ಬಳಸಿದ ಆಸ್ತಿಗೆ ಅರ್ಧ ಸವಕಳಿ ಮಾತ್ರ ಸಲ್ಲುತ್ತಿತ್ತು; ಮಳೆಗಾಲ ಮುಗಿದ ಮೇಲೆ ಅಕ್ಟೋಬರ್ ಮಧ್ಯದಲ್ಲಿ ಕೊಂಡವರಿಗೆ ಈ ನಷ್ಟವಾಗುತ್ತಿತ್ತು. 2025ರ ಹೊಸ ಆದಾಯ ತೆರಿಗೆ ಕಾಯ್ದೆಯು 2026ರ ಏಪ್ರಿಲ್ 1ರಿಂದ ಅನ್ವಯವಾಗುವುದರಿಂದ, ಅಲ್ಲಿಂದ ಮುಂದಿನ ವರ್ಷಗಳಿಗೆ ಅದರಡಿಯ ನಿಯಮಗಳನ್ನೇ ಅನುಸರಿಸಬೇಕು.

8. ಒಂದು ಉದಾಹರಣೆ

ಈ ಕೆಳಗಿನ ಅಂಕಿಗಳು ವಿಧಾನವನ್ನು ತೋರಿಸುವುದಕ್ಕಾಗಿ ಊಹಿಸಿದವು. ಓದುಗರು ತಮ್ಮ ಊರಿನ ಅಂಕಿಗಳನ್ನು ಹಾಕಿಕೊಳ್ಳಬೇಕು. 'ಕ' ಎಂಬುದು ಇಬ್ಬರ ಸಣ್ಣ ವಾಹನ, ಬೆಲೆ ರೂ. 10 ಲಕ್ಷ. 'ಖ' ಎಂಬುದು ಮೂವರ ದೊಡ್ಡ ವಾಹನ, ಬೆಲೆ ರೂ. 20 ಲಕ್ಷ. ವರ್ಷದಲ್ಲಿ ದುಡಿಮೆಯ ದಿನಗಳು 150.

ಮೊದಲ ವರ್ಷದ ಸ್ಥಿರವೆಚ್ಚ:

'ಕ': ಸವಕಳಿ 2,00,000; ಶೇ. 12ರಂತೆ ಬಡ್ಡಿ 1,20,000; ಶೇಖರಣೆ 72,000; ವಿಮೆ ಮತ್ತು ದುರಸ್ತಿ 80,000; ನಿರ್ವಾಹಕನ ಸಂಬಳ 1,60,000. ಒಟ್ಟು ರೂ. 6,32,000.

'ಖ': ಸವಕಳಿ 4,00,000, ಬಡ್ಡಿ 2,40,000, ಶೇಖರಣೆ 1,44,000, ವಿಮೆ ಮತ್ತು ದುರಸ್ತಿ 1,40,000, ಸಂಬಳ 1,60,000, ಟ್ರ್ಯಾಕ್ಟರ್ ವೆಚ್ಚ 45,000. ಒಟ್ಟು ರೂ. 11,29,000.

ಒಂದು ಸವಾರಿಗೆ ಒಬ್ಬ ಗ್ರಾಹಕನಿಂದ ರೂ. 500, ಪೆಟ್ರೋಲ್ ವೆಚ್ಚ 'ಕ'ಗೆ ರೂ. 110, 'ಖ'ಗೆ ರೂ. 220 ಎಂದಿರಲಿ. 'ಕ'ದಲ್ಲಿ ಪ್ರತಿ ಸವಾರಿಗೆ ಉಳಿಯುವುದು ರೂ. 390. 'ಖ'ದಲ್ಲಿ ಇಬ್ಬರು ಗ್ರಾಹಕರಿದ್ದರೆ ರೂ. 780, ಒಬ್ಬನೇ ಇದ್ದರೆ ರೂ. 280.

ಲಾಭವೂ ಇಲ್ಲದ ನಷ್ಟವೂ ಇಲ್ಲದ ಮಟ್ಟವನ್ನು ತಲುಪಲು 'ಕ'ಗೆ ವರ್ಷಕ್ಕೆ 1,621 ಸವಾರಿಗಳು, ಅಂದರೆ ದಿನಕ್ಕೆ 11 ಬೇಕು. 'ಖ'ದಲ್ಲಿ ಪ್ರತಿ ಸವಾರಿಗೂ ಇಬ್ಬರು ಸಿಕ್ಕರೆ 1,448 ಸವಾರಿಗಳು, ದಿನಕ್ಕೆ 10 ಸಾಕು. ಅರ್ಧದಷ್ಟು ಸವಾರಿಗಳಲ್ಲಿ ಮಾತ್ರ ಇಬ್ಬರು ಸಿಕ್ಕರೆ 2,131 ಸವಾರಿಗಳು, ದಿನಕ್ಕೆ 15 ಬೇಕು. ಯಾವಾಗಲೂ ಒಬ್ಬನೇ ಸಿಕ್ಕರೆ 4,033 ಸವಾರಿಗಳು, ದಿನಕ್ಕೆ 27 ಬೇಕು. ಈ ಅಂಕಿಗಳ ಪ್ರಕಾರ ಆರರಲ್ಲಿ ಐದು ಸವಾರಿಗಳಿಗೆ ಇಬ್ಬರು ಗ್ರಾಹಕರು ಒಟ್ಟಿಗೆ ಬಂದಾಗ ಮಾತ್ರ ದೊಡ್ಡ ವಾಹನವು ಸಣ್ಣದಕ್ಕೆ ಸಮನಾಗುತ್ತದೆ. ದಂಪತಿಗಳು ಮತ್ತು ಕುಟುಂಬಗಳು ಬರುವ ತೀರಕ್ಕೂ ಒಂಟಿ ಯುವಕರು ಬರುವ ತೀರಕ್ಕೂ ಲೆಕ್ಕ ಬೇರೆ ಎಂಬುದು ಇದರ ಇಂಗಿತ. ಖರೀದಿಗೆ ಮುನ್ನ ಎರಡು ವಾರಾಂತ್ಯ ತೀರದಲ್ಲಿ ಕುಳಿತು, ಜನರು ಒಬ್ಬೊಬ್ಬರಾಗಿ ಬರುವರೋ ಜೋಡಿಯಾಗಿ ಬರುವರೋ ಎಂದು ಎಣಿಸುವುದು ಯಾವ ಮಾರಾಟ ಪುಸ್ತಿಕೆಗಿಂತಲೂ ಹೆಚ್ಚಿನ ತಿಳಿವಳಿಕೆ ನೀಡುತ್ತದೆ.

9. ಸಣ್ಣ ಕೈಗಾರಿಕೆಗಳಿಗೆ ಅವಕಾಶ

ಜಲವಾಹನವು ಆಮದಾಗಿ ಬರುವ ಯಂತ್ರವಾದರೂ ಅದರ ಪರಿಕರಗಳನ್ನು ಸ್ಥಳೀಯವಾಗಿ ತಯಾರಿಸಲು ಅಡ್ಡಿಯಿಲ್ಲ. ಮರಳಿನ ಮೇಲೆ ಸಾಗುವ ಟ್ರಾಲಿ, ಕಂಟೈನರಿನೊಳಗೆ ಎರಡು ಅಂತಸ್ತಿನಲ್ಲಿ ನಿಲ್ಲಿಸುವ ಉಕ್ಕಿನ ಚೌಕಟ್ಟು, ಕೈರಾಟೆ, ಗಾಳಿಯಾಡುವ ಹೊದಿಕೆ, ಹಿನ್ನೀರಿಗೆ ತೇಲುವ ಕಟ್ಟೆ ಇವೆಲ್ಲ ಸಾಧಾರಣ ಬೆಸುಗೆ ಮತ್ತು ಫೈಬರ್ ಕಾರ್ಯಾಗಾರಗಳಿಗೆ ಎಟಕುವ ಕೆಲಸಗಳು. ಇವುಗಳ ತಯಾರಿಕೆಯಲ್ಲಿ ಗಮನಿಸಬೇಕಾದ ಅಂಶಗಳು ಮೂರು. ಟ್ರಾಲಿಯ ಚಕ್ರಗಳ ಹೊರ ಅಗಲವು ವಾಹನದ ಅಗಲವನ್ನು ಮೀರಬಾರದು. ಭಾರ ಹೊರುವ ಹಲಗೆಗಳು ಒಡಲಿನ ಗಟ್ಟಿಯಾದ ಭಾಗದ ಕೆಳಗೇ ಬರುವಂತೆ ಹೊಂದಿಸಲು ಅವಕಾಶವಿರಬೇಕು. ಪಂಪಿನ ನೀರು ಹೀರುವ ಜಾಲರಿಗೆ ಒತ್ತು ಬೀಳಬಾರದು. ಉಪ್ಪುಗಾಳಿಗೆ ಬಣ್ಣ ಬಳಿದ ಕಬ್ಬಿಣ ಬಾಳದಾದುದರಿಂದ ಬಿಸಿ ಸತುಲೇಪನ ಅಥವಾ ಸ್ಟೇನ್‌ಲೆಸ್ ಉಕ್ಕನ್ನೇ ಬಳಸಬೇಕು.

10. ಸಾರಾಂಶ

ಖರೀದಿಗೆ ಮುನ್ನ ಉದ್ದಿಮೆದಾರನು ಈ ಪ್ರಶ್ನೆಗಳಿಗೆ ಬರವಣಿಗೆಯಲ್ಲಿ ಉತ್ತರ ಬರೆದುಕೊಳ್ಳುವುದು ಹಿತಕರ:

(1) ವಾಹನ ಓಡುವುದು ಶಾಂತವಾದ ಹಿನ್ನೀರಿನಲ್ಲೋ ತೆರೆದ ಸಮುದ್ರದಲ್ಲೋ?

(2) ನಿರ್ವಾಹಕನ ತೂಕ ಕಳೆದ ಮೇಲೆ ಗ್ರಾಹಕರಿಗೆ ಉಳಿಯುವ ತೂಕದ ಮಿತಿ ಎಷ್ಟು?

(3) ಇಂಧನ ತುಂಬಿದ ವಾಹನವನ್ನು ದಡಕ್ಕೆ ಎಳೆಯುವವರು ಯಾರು, ಅದರ ದಿನದ ವೆಚ್ಚವೆಷ್ಟು?

(4) ಗೊತ್ತುಪಡಿಸಿದ ಶೆಡ್ ಅಥವಾ ಕಂಟೈನರಿನಲ್ಲಿ, ಟ್ರಾಲಿ ಸಹಿತ ಅಳೆದಾಗ, ಎಷ್ಟು ವಾಹನಗಳು ಹಿಡಿಯುತ್ತವೆ?

(5) ಟ್ಯಾಂಕ್ ಮತ್ತು ಕ್ಯಾನುಗಳಲ್ಲಿರುವ ಒಟ್ಟು ಪೆಟ್ರೋಲ್ ಕಾನೂನಿನ ಮಿತಿಯೊಳಗಿದೆಯೇ?

(6) ತೆರಿಗೆ ಜಮೆ ದೊರೆಯದಿದ್ದರೂ ವ್ಯವಹಾರವು ನಿಲ್ಲುವುದೇ?

(7) ನಷ್ಟವಾಗದಿರಲು ದಿನಕ್ಕೆ ಎಷ್ಟು ಸವಾರಿಗಳು ಬೇಕು, ತೀರದಲ್ಲಿ ಅಷ್ಟು ಜನರಿದ್ದಾರೆಯೇ?

ದೊಡ್ಡ ವಾಹನವು ಸಮುದ್ರದಲ್ಲಿ ಹೆಚ್ಚು ಸ್ಥಿರ. ಸಣ್ಣದು ದಡದಲ್ಲಿ ಹೆಚ್ಚು ಅನುಕೂಲಕರ. ಎರಡರಲ್ಲಿ ಯಾವುದೂ ಎಲ್ಲರಿಗೂ ಉತ್ತಮವೆಂದು ಹೇಳಲಾಗದು. ವರ್ಷದ ನಾಲ್ಕು ತಿಂಗಳು ಸೂರಿನಡಿ ನಿಲ್ಲುವ, ದಿನದ ಬಹುಪಾಲು ಮರಳಿನ ಮೇಲೆ ಕಾಯುವ ಈ ಯಂತ್ರವು ನೀರಿನಲ್ಲಿ ಓಡುವುದು ಕೆಲವೇ ಗಂಟೆಗಳ ಕಾಲ. ಉಳಿದ ಗಂಟೆಗಳ ವೆಚ್ಚವನ್ನೂ ಆ ಕೆಲವೇ ಗಂಟೆಗಳ ಗಳಿಕೆ ಭರಿಸಬೇಕಾದುದರಿಂದ, ಖರೀದಿಯ ಆದೇಶಕ್ಕೆ ಸಹಿ ಹಾಕುವ ಮೊದಲು ಅಳತೆಪಟ್ಟಿಯನ್ನು ಹಿಡಿದು ಶೆಡ್ಡಿನ ಬಾಗಿಲಿನ ಅಗಲವನ್ನು ಅಳೆದುಕೊಳ್ಳುವುದು ಜಾಣತನ.